ಕೆ. ಎಸ್. ತಿಮ್ಮಯ್ಯ

ಜನರಲ್ ಕೊಡಂದೇರ ಸುಬ್ಬಯ್ಯ ತಿಮ್ಮಯ್ಯ (ಮಾರ್ಚ್ 31, 1906 – ಡಿಸೆಂಬರ್ 18, 1965) ಭಾರತೀಯ ಭೂಸೇನೆಯ ಮುಖ್ಯಸ್ಥರಾಗಿದ್ದ ಕೊಡಗಿನ ಸೇನಾನಿ. 1957ರ ಮೇ ತಿಂಗಳಿನಿಂದ 1961ರ ಮೇ ತಿಂಗಳವರೆಗೆ ಅವರು ಈ ಹುದ್ದೆಯಲ್ಲಿದ್ದರು. ಎರಡನೆಯ ಮಹಾಯುದ್ಧದಲ್ಲಿ ಬರ್ಮಾ ರಣರಂಗದಲ್ಲಿ ಬ್ರಿಗೇಡ್ ಒಂದನ್ನು ಮುನ್ನಡೆಸಿದ ಭಾರತೀಯ ಅಧಿಕಾರಿಯೆಂದೂ, ಕೊರಿಯಾ ಯುದ್ಧದ ತರುವಾಯ ಯುದ್ಧಕೈದಿಗಳ ಆಯೋಗದ ಅಧ್ಯಕ್ಷರೆಂದೂ, ಸೈಪ್ರಸ್ ದ್ವೀಪದಲ್ಲಿ ವಿಶ್ವಸಂಸ್ಥೆಯ ಶಾಂತಿಪಾಲನಾ ಪಡೆಯ ದಂಡನಾಯಕರೆಂದೂ ಅವರು ಪ್ರಸಿದ್ಧರು. ಯುದ್ಧಶಾಸ್ತ್ರದ ವಿದ್ಯಾರ್ಥಿಗಳು ಅವರನ್ನು ವಿಶೇಷವಾಗಿ ನೆನೆಯುವುದು 1948ರ ನವೆಂಬರ್ 1ರಂದು ನಡೆದ ಜೋಜಿ ಲಾ ಕದನಕ್ಕಾಗಿ. ಸಮುದ್ರಮಟ್ಟದಿಂದ ಸುಮಾರು 3,500 ಮೀಟರ್ ಎತ್ತರದ ಆ ಕಣಿವೆದಾರಿಗೆ ಅವರು ಟ್ಯಾಂಕುಗಳನ್ನು ಹತ್ತಿಸಿದರು. ಅಷ್ಟು ಎತ್ತರದಲ್ಲಿ ಟ್ಯಾಂಕುಗಳು ಕಾದಾಡಿದ ನಿದರ್ಶನ ಅದಕ್ಕೆ ಮೊದಲು ಇರಲಿಲ್ಲ.

ಜನನ ಮತ್ತು ವಿದ್ಯಾಭ್ಯಾಸ

ತಿಮ್ಮಯ್ಯನವರು ಕೊಡಗಿನ ಮಡಿಕೇರಿಯಲ್ಲಿ ಜನಿಸಿದರು. ತಂದೆ ಸುಬ್ಬಯ್ಯ, ತಾಯಿ ಸೀತಮ್ಮ. ಮನೆತನ ಕಾಫಿ ಬೆಳೆಗಾರರದು. ಸಮಾಜಸೇವೆಗಾಗಿ ತಾಯಿಗೆ ಅಂದಿನ ಸರ್ಕಾರ ಕೈಸರ್-ಎ-ಹಿಂದ್ ಪದಕ ನೀಡಿತ್ತು. ಮನೆಯಲ್ಲಿ ಮಗುವನ್ನು ದುಬ್ಬು ಎಂದು ಕರೆಯುತ್ತಿದ್ದರು. ಮುಂದೆ ಸೈನ್ಯದ ಗೆಳೆಯರ ಬಾಯಲ್ಲಿ ಅವರು ಟಿಮ್ಮಿ ಆದರು. ಸ್ವತಂತ್ರ ಭಾರತದ ಮೊದಲ ಭಾರತೀಯ ಮಹಾದಂಡನಾಯಕರಾದ ಕೆ. ಎಂ. ಕಾರಿಯಪ್ಪನವರೂ ಇದೇ ಕೊಡಂದೇರ ಒಕ್ಕದವರು. ಒಂದೇ ಒಕ್ಕದಿಂದ ಇಬ್ಬರು ಸೇನಾ ಮುಖ್ಯಸ್ಥರು ಬಂದದ್ದು ಕೊಡಗಿನ ಜನ ಇಂದಿಗೂ ಹೆಮ್ಮೆಯಿಂದ ಹೇಳಿಕೊಳ್ಳುವ ಸಂಗತಿ.

ಎಂಟನೆಯ ವಯಸ್ಸಿನಲ್ಲಿ ಬಾಲಕನನ್ನು ನೀಲಗಿರಿಯ ಕೂನೂರಿನಲ್ಲಿದ್ದ ಸೇಂಟ್ ಜೋಸೆಫ್ಸ್ ಶಾಲೆಗೆ ಸೇರಿಸಲಾಯಿತು. ಆನಂತರ ಬೆಂಗಳೂರಿನ ಬಿಷಪ್ ಕಾಟನ್ ಬಾಲಕರ ಶಾಲೆಯಲ್ಲಿ ಓದು ಮುಂದುವರಿಯಿತು. ಅಲ್ಲಿಂದ ಡೆಹ್ರಾಡೂನಿನ ಪ್ರಿನ್ಸ್ ಆಫ್ ವೇಲ್ಸ್ ರಾಯಲ್ ಇಂಡಿಯನ್ ಮಿಲಿಟರಿ ಕಾಲೇಜು, ಅದನ್ನು ಮುಗಿಸಿ ಇಂಗ್ಲೆಂಡಿನ ಸ್ಯಾಂಡ್‌ಹರ್ಸ್ಟ್ ಸೈನಿಕ ಅಕಾಡೆಮಿ. ಅವರ ತಂಡದಲ್ಲಿ ಸ್ಯಾಂಡ್‌ಹರ್ಸ್ಟ್‌ಗೆ ಆಯ್ಕೆಯಾದ ಭಾರತೀಯ ಕೆಡೆಟ್‌ಗಳು ಆರು ಮಂದಿ ಮಾತ್ರ. ಅಣ್ಣ ಪೊನ್ನಪ್ಪ ಮತ್ತು ತಮ್ಮ ಸೋಮಯ್ಯ ಇಬ್ಬರೂ ಸೈನ್ಯಾಧಿಕಾರಿಗಳಾದರು. ಮೂವರು ಸಹೋದರರ ದಾರಿಗಳು ಮಾತ್ರ ಬೇರೆಬೇರೆಯಾದವು.

ಸೈನ್ಯದಲ್ಲಿ ಮೊದಲ ವರ್ಷಗಳು

1926ರ ಫೆಬ್ರವರಿ 4ರಂದು ತಿಮ್ಮಯ್ಯನವರಿಗೆ ಅಧಿಕಾರಿಯ ಹುದ್ದೆ ದೊರೆಯಿತು. ಅಂದಿನ ಪದ್ಧತಿಯಂತೆ ಮೊದಲು ಹೈಲ್ಯಾಂಡ್ ಲೈಟ್ ಇನ್‌ಫೆಂಟ್ರಿ ಎಂಬ ಬ್ರಿಟಿಷ್ ರೆಜಿಮೆಂಟಿನಲ್ಲಿ ಕೆಲಸ ಕಲಿತು, 1927ರಲ್ಲಿ 19ನೆಯ ಹೈದರಾಬಾದ್ ರೆಜಿಮೆಂಟಿನ 4ನೆಯ ಬೆಟಾಲಿಯನ್ ಸೇರಿದರು. ಹೆಸರಿನಲ್ಲಿ ಹೈದರಾಬಾದ್ ಇದ್ದರೂ ಈ ರೆಜಿಮೆಂಟಿನ ಸೈನಿಕರಲ್ಲಿ ಕುಮಾವ್ ಬೆಟ್ಟಗಳವರು, ಜಾಟರು ಮತ್ತು ಅಹೀರರು ಹೆಚ್ಚಾಗಿದ್ದರು. 1945ರಲ್ಲಿ ಅದಕ್ಕೆ ಕುಮಾವ್ ರೆಜಿಮೆಂಟ್ ಎಂಬ ಹೆಸರೇ ಬಂತು.

ಈ ನೇಮಕದ ಹಿಂದೆ ಒಂದು ರಾಜಕೀಯ ಲೆಕ್ಕಾಚಾರವಿತ್ತು. ಭಾರತೀಯರಿಗೆ ಅಧಿಕಾರಿ ಹುದ್ದೆಗಳನ್ನು ಕೊಡಬೇಕೆಂಬ ಒತ್ತಡ ಹೆಚ್ಚಾದಾಗ ಬ್ರಿಟಿಷ್ ಸರ್ಕಾರ 1923ರಲ್ಲಿ ಇಡೀ ಸೈನ್ಯದಲ್ಲಿ ಎಂಟು ಘಟಕಗಳನ್ನು ಮಾತ್ರ ಆರಿಸಿ, ಭಾರತೀಯ ಅಧಿಕಾರಿಗಳನ್ನು ಅವುಗಳಿಗಷ್ಟೇ ಸೇರಿಸುವ ಯೋಜನೆ ತಂದಿತು. ಭಾರತೀಯನ ಕೈಕೆಳಗೆ ಬ್ರಿಟಿಷ್ ಅಧಿಕಾರಿಗಳು ಕೆಲಸ ಮಾಡುವ ಸಂದರ್ಭವನ್ನು ಹೀಗೆ ತಪ್ಪಿಸಬಹುದಾಗಿತ್ತು. ತಿಮ್ಮಯ್ಯನವರ 4ನೆಯ ಬೆಟಾಲಿಯನ್ ಆ ಎಂಟರಲ್ಲಿ ಒಂದು. ಇನ್ನೊಂದು 7ನೆಯ ಲೈಟ್ ಕ್ಯಾವಲ್ರಿ ಎಂಬ ಅಶ್ವದಳ. ಇಪ್ಪತ್ತೈದು ವರ್ಷಗಳ ಅನಂತರ, ಕುದುರೆ ಬಿಟ್ಟು ಟ್ಯಾಂಕ್ ಏರಿದ್ದ ಇದೇ ದಳ ಜೋಜಿ ಲಾದಲ್ಲಿ ತಿಮ್ಮಯ್ಯನವರ ಕೈಕೆಳಗೆ ಹೋರಾಡಿತು.

ವಾಯವ್ಯ ಗಡಿನಾಡಿನಲ್ಲಿ ಸೇವೆ ಸಲ್ಲಿಸಿದ ತಿಮ್ಮಯ್ಯನವರು 1935ರ ಜನವರಿಯಲ್ಲಿ ನೀನಾ ಕಾರಿಯಪ್ಪ ಅವರನ್ನು ವಿವಾಹವಾದರು. ಅದೇ ವರ್ಷ ಮೇ ತಿಂಗಳ ಕೊನೆಯಲ್ಲಿ ಕ್ವೆಟ್ಟಾ ನಗರ ಭೂಕಂಪದಿಂದ ನೆಲಸಮವಾದಾಗ ದಂಪತಿಗಳು ಅಲ್ಲಿಯೇ ಇದ್ದರು. ಪರಿಹಾರಕಾರ್ಯದಲ್ಲಿ ತೊಡಗಿದ್ದ ನೀನಾ ಅವರಿಗೆ ಕೈಸರ್-ಎ-ಹಿಂದ್ ಪದಕ ದೊರೆಯಿತು. 1936ರಲ್ಲಿ ಮಗಳು ಮಿರೈ ಜನಿಸಿದಳು. ಅದೇ ವರ್ಷ ಮದರಾಸಿನ ವಿಶ್ವವಿದ್ಯಾಲಯ ಸೈನಿಕ ತರಬೇತಿ ದಳಕ್ಕೆ ಅಡ್ಜುಟೆಂಟ್ ಆಗಿ ನೇಮಕವಾಯಿತು.

ಸ್ಲಿಮ್ ನದಿ: ಬೆಟಾಲಿಯನ್ನಿನ ನಾಶ

ಮಹಾಯುದ್ಧದ ಹೊತ್ತಿಗೆ 4ನೆಯ ಬೆಟಾಲಿಯನ್ ಸಿಂಗಪುರ ಮತ್ತು ಮಲಯ ಪ್ರದೇಶದಲ್ಲಿತ್ತು. ತಿಮ್ಮಯ್ಯನವರೂ ಕೆಲಕಾಲ ಅಲ್ಲಿದ್ದು, ಜಪಾನೀಯರು ದಾಳಿಯಿಡುವ ಮುನ್ನ ಭಾರತಕ್ಕೆ ವರ್ಗವಾಗಿ ಬಂದರು. ಅವರು ಬಿಟ್ಟುಬಂದ ಬೆಟಾಲಿಯನ್ನಿಗೆ ಆದ ಗತಿ ಅವರ ಮುಂದಿನ ಜೀವನಕ್ಕೆ ನೇರವಾಗಿ ಸಂಬಂಧಿಸಿದ್ದಲ್ಲವಾದರೂ, ಜೋಜಿ ಲಾ ಕದನದ ಮಹತ್ವ ತಿಳಿಯಲು ಅದನ್ನು ಅರಿತಿರುವುದು ಒಳ್ಳೆಯದು.

ಆ ಕಾಲದಲ್ಲಿ ಟ್ಯಾಂಕ್ ಯುದ್ಧದ ಮಾದರಿ ಜರ್ಮನಿಯದಾಗಿತ್ತು. 1935ರ ಅಕ್ಟೋಬರಿನಲ್ಲಿ ಜರ್ಮನಿ ತನ್ನ ಮೊದಲ ಮೂರು ಪ್ಯಾಂಜರ್ ಡಿವಿಷನ್‌ಗಳನ್ನು ಸ್ಥಾಪಿಸಿತು. ಟ್ಯಾಂಕುಗಳನ್ನು ಕಾಲಾಳುಗಳ ಹಿಂದೆ ಚೂರುಚೂರಾಗಿ ಹಂಚದೆ ಒಂದೆಡೆ ಸೇರಿಸುವುದು, ವಾಹನಗಳಲ್ಲಿ ಸಾಗುವ ಕಾಲಾಳುಗಳು, ಫಿರಂಗಿಗಳು ಮತ್ತು ಎಂಜಿನಿಯರುಗಳನ್ನು ಅವುಗಳ ಜೊತೆಯಲ್ಲಿಯೇ ಇಡುವುದು, ಎಲ್ಲರನ್ನೂ ರೇಡಿಯೊ ಮೂಲಕ ಬೆಸೆಯುವುದು ಇದರ ತಿರುಳು. ಹೈಂಟ್ಸ್ ಗುಡೇರಿಯನ್ ಇದರ ಪ್ರಮುಖ ಪ್ರತಿಪಾದಕ. 1940ರ ಮೇ ತಿಂಗಳಿನಲ್ಲಿ ಜರ್ಮನ್ ಪ್ಯಾಂಜರ್ ಡಿವಿಷನ್‌ಗಳಲ್ಲಿ ಹೆಚ್ಚಿನವು ಆರ್ಡೆನ್ ಎಂಬ ಕಾಡುಗುಡ್ಡಗಳ ಸೀಮೆಯನ್ನು ಹಾದು ಫ್ರಾನ್ಸಿಗೆ ನುಗ್ಗಿದವು. ಆ ದಾರಿಯಲ್ಲಿ ದೊಡ್ಡ ಟ್ಯಾಂಕ್ ಪಡೆ ಬೇಗ ಬರಲಾರದೆಂದು ನಂಬಿದ್ದ ಫ್ರೆಂಚ್ ಸೈನ್ಯ ಅಲ್ಲಿ ದುರ್ಬಲ ದಳಗಳನ್ನು ಇರಿಸಿತ್ತು. ಮೇ 13ರಂದು ಗುಡೇರಿಯನ್‌ನ ಪಡೆ ಸೆಡಾನ್ ಬಳಿ ಮ್ಯೂಸ್ ನದಿಯನ್ನು ದಾಟಿತು; ಮೇ 20ರಂದು ಜರ್ಮನ್ ಟ್ಯಾಂಕುಗಳು ಇಂಗ್ಲಿಷ್ ಕಡಲ್ಗಾಲುವೆಯ ತೀರ ಮುಟ್ಟಿದ್ದವು. ಪ್ಯಾಂಜರ್ ಡಿವಿಷನ್‌ಗಳ ಗೆಲುವಿನ ಗುಟ್ಟು ಟ್ಯಾಂಕಿನ ಉಕ್ಕಿನ ದಪ್ಪದಲ್ಲಿತ್ತೆಂದು ಸಾಮಾನ್ಯವಾಗಿ ಭಾವಿಸಲಾಗುತ್ತದೆ. ವಾಸ್ತವವಾಗಿ ಅಂದಿನ ಹಲವು ಫ್ರೆಂಚ್ ಟ್ಯಾಂಕುಗಳ ಕವಚ ಜರ್ಮನ್ ಟ್ಯಾಂಕುಗಳದಕ್ಕಿಂತ ದಪ್ಪವಾಗಿತ್ತು. ಶತ್ರು ಅಸಾಧ್ಯವೆಂದು ಬಗೆದ ಜಾಗದಲ್ಲಿ, ಅವನು ಎಣಿಸದ ವೇಳೆಯಲ್ಲಿ ಕಾಣಿಸಿಕೊಂಡದ್ದೇ ನಿರ್ಣಾಯಕವಾಯಿತು.

ಇದೇ ಪಾಠವನ್ನು ಏಷ್ಯಾದಲ್ಲಿ ಕಲಿಸಿದವರು ಜಪಾನೀಯರು. ಮಲಯದ ರಬ್ಬರ್ ತೋಟಗಳ ಮತ್ತು ಕಾಡುಗಳ ನಡುವೆ ಟ್ಯಾಂಕ್ ನಡೆಯದೆಂಬ ಎಣಿಕೆಯಿಂದ ಬ್ರಿಟಿಷರು ಅಲ್ಲಿ ಒಂದು ಟ್ಯಾಂಕನ್ನೂ ಇರಿಸಿರಲಿಲ್ಲ. 1942ರ ಜನವರಿ 7ರ ಬೆಳಗಿನ ಜಾವ, ಇನ್ನೂ ಕತ್ತಲಿರುವಾಗಲೇ, ಜಪಾನೀ ಟ್ಯಾಂಕುಗಳು ಸ್ಲಿಮ್ ನದಿಯ ಬಳಿಯ ಮುಖ್ಯ ರಸ್ತೆಯಲ್ಲಿಯೇ ಸಾಲುಗಟ್ಟಿ ನುಗ್ಗಿದವು. ಅವುಗಳಿಗೆ ಮೊದಲು ಎದುರಾದದ್ದು 12ನೆಯ ಭಾರತೀಯ ಬ್ರಿಗೇಡಿನ ಮುಂಚೂಣಿಯಲ್ಲಿದ್ದ 4ನೆಯ ಹೈದರಾಬಾದ್ ಬೆಟಾಲಿಯನ್. ಕೆಲವೇ ಗಂಟೆಗಳಲ್ಲಿ ಎರಡು ಬ್ರಿಗೇಡುಗಳು ಚದುರಿಹೋದವು. ನಾಲ್ಕು ದಿನಗಳಲ್ಲಿ ಕ್ವಾಲಾಲಂಪುರ, ಫೆಬ್ರವರಿ 15ರಂದು ಸಿಂಗಪುರ ಶತ್ರುವಶವಾದವು. ತಿಮ್ಮಯ್ಯನವರ ಅಣ್ಣ ಪೊನ್ನಪ್ಪ ಮುಂದೆ ಸುಭಾಷ್‌ಚಂದ್ರ ಬೋಸರ ಆಜಾದ್ ಹಿಂದ್ ಫೌಜ್ ಸೇರಿದರು. ಹೀಗೆ ಒಂದೇ ಮನೆಯ ಅಣ್ಣತಮ್ಮಂದಿರು ಯುದ್ಧದ ಎದುರುಬದಿರು ಪಕ್ಷಗಳಲ್ಲಿ ನಿಂತರು.

ಬರ್ಮಾ ರಣರಂಗ

ಕ್ವೆಟ್ಟಾದ ಸ್ಟಾಫ್ ಕಾಲೇಜಿನಲ್ಲಿ ತರಬೇತಿ ಮುಗಿಸಿದ ಮೇಲೆ ತಿಮ್ಮಯ್ಯನವರು 25ನೆಯ ಭಾರತೀಯ ಡಿವಿಷನ್ನಿನ ಕಾರ್ಯಾಚರಣೆ ವಿಭಾಗದಲ್ಲಿ ಅಧಿಕಾರಿಯಾದರು. 1944ರಲ್ಲಿ ಈ ಡಿವಿಷನ್ ಬರ್ಮಾದ ಅರಾಕಾನ್ ಕರಾವಳಿಗೆ ತೆರಳಿತು. ಅಲ್ಲಿ ಅವರಿಗೆ 19ನೆಯ ಹೈದರಾಬಾದ್ ರೆಜಿಮೆಂಟಿನ 8ನೆಯ ಬೆಟಾಲಿಯನ್ನಿನ ನಾಯಕತ್ವ ಬಂದಿತು. ಮುಂದೆ 1947ರ ನವೆಂಬರಿನಲ್ಲಿ ಶ್ರೀನಗರದ ಬಳಿಯ ಬಡಗಾಮಿನಲ್ಲಿ ಮಡಿದು ಮೊತ್ತಮೊದಲ ಪರಮವೀರ ಚಕ್ರಕ್ಕೆ ಪಾತ್ರರಾದ ಸೋಮನಾಥ ಶರ್ಮಾ ಈ ಬೆಟಾಲಿಯನ್ನಿನ ಕಿರಿಯ ಅಧಿಕಾರಿಗಳಲ್ಲಿ ಒಬ್ಬರು.

1945ರ ಜನವರಿ ಕೊನೆಯ ವಾರದಲ್ಲಿ ಆರಂಭವಾದ ಕಾಂಗಾವ್ ಕದನ ಅರಾಕಾನ್ ದಂಡಯಾತ್ರೆಯಲ್ಲಿಯೇ ಅತ್ಯಂತ ಘೋರವಾದದ್ದು. ಹಿಂದೆ ಸರಿಯುತ್ತಿದ್ದ ಜಪಾನೀಯರ ದಾರಿಯನ್ನು ಕಡಿಯಲು 51ನೆಯ ಭಾರತೀಯ ಬ್ರಿಗೇಡನ್ನು ಅಲ್ಲಿ ಇಳಿಸಲಾಯಿತು. ಈ ಬ್ರಿಗೇಡಿನ ಮೂರೂ ಬೆಟಾಲಿಯನ್‌ಗಳ ನಾಯಕರು ಭಾರತೀಯರಾಗಿದ್ದರು: ತಿಮ್ಮಯ್ಯ, ಎಸ್. ಪಿ. ಪಿ. ಥೋರಟ್ ಮತ್ತು ಎಲ್. ಪಿ. ಸೇನ್. ಮೂವರಿಗೂ ಡಿಸ್ಟಿಂಗ್ವಿಶ್ಡ್ ಸರ್ವಿಸ್ ಆರ್ಡರ್ ಪದಕ ಲಭಿಸಿತು. ಭಾರತೀಯರು ಹಿರಿಯ ನಾಯಕತ್ವಕ್ಕೆ ತಕ್ಕವರಲ್ಲವೆಂಬ ಹಳೆಯ ವಾದ ಕಾಂಗಾವ್‌ನ ಬಳಿಕ ಗಟ್ಟಿಯಾಗಿ ಕೇಳಿಬರಲಿಲ್ಲ. ಯುದ್ಧ ಮುಗಿಯುವ ಮೊದಲೇ ತಿಮ್ಮಯ್ಯನವರು 36ನೆಯ ಭಾರತೀಯ ಬ್ರಿಗೇಡಿನ ನಾಯಕರಾದರು. ಆ ಮಹಾಯುದ್ಧದಲ್ಲಿ ರಣರಂಗದಲ್ಲಿ ಕಾಲಾಳು ಬ್ರಿಗೇಡೊಂದನ್ನು ನಡೆಸಿದ ಏಕೈಕ ಭಾರತೀಯರೆಂದು ಅವರನ್ನು ಗುರುತಿಸಲಾಗುತ್ತದೆ.

1945ರ ಸೆಪ್ಟೆಂಬರಿನಲ್ಲಿ ಸಿಂಗಪುರದಲ್ಲಿ ಜಪಾನೀಯರು ಶರಣಾದಾಗ ಭಾರತೀಯ ಸೈನ್ಯದ ಪ್ರತಿನಿಧಿಯಾಗಿ ಅವರು ಹಾಜರಿದ್ದರು. ಬಳಿಕ 268ನೆಯ ಭಾರತೀಯ ಬ್ರಿಗೇಡಿನ ನಾಯಕರಾಗಿ ಜಪಾನಿಗೆ ತೆರಳಿದರು.

ದೇಶವಿಭಜನೆಯ ದಿನಗಳು

1947ರ ಆಗಸ್ಟಿನಲ್ಲಿ ಪಂಜಾಬಿನ ಗಲಭೆಗಳನ್ನು ಹತ್ತಿಕ್ಕಲು ರಚಿಸಿದ ಪಂಜಾಬ್ ಗಡಿ ಪಡೆಯಲ್ಲಿ, ಮೇಜರ್ ಜನರಲ್ ರೀಸ್ ಅವರಿಗೆ ಭಾರತದ ಪರವಾದ ಸಲಹೆಗಾರರಾಗಿ ತಿಮ್ಮಯ್ಯನವರನ್ನು ನೇಮಿಸಲಾಯಿತು. ಪಾಕಿಸ್ತಾನದ ಪರ ಸಲಹೆಗಾರರಲ್ಲಿ ಮುಂದೆ ಅಲ್ಲಿನ ರಾಷ್ಟ್ರಾಧ್ಯಕ್ಷರಾದ ಅಯೂಬ್ ಖಾನ್ ಇದ್ದರು. ಹತ್ಯಾಕಾಂಡದ ವ್ಯಾಪ್ತಿಯ ಮುಂದೆ ಈ ಪಡೆ ಬಹಳ ಚಿಕ್ಕದಾಗಿತ್ತು. ಒಂದೇ ತಿಂಗಳಲ್ಲಿ ಅದನ್ನು ವಿಸರ್ಜಿಸಲಾಯಿತು. ಮೇಜರ್ ಜನರಲ್ ಆಗಿ ಬಡ್ತಿ ಪಡೆದ ತಿಮ್ಮಯ್ಯನವರು 4ನೆಯ ಡಿವಿಷನ್ನಿನ ಹೊಣೆ ಹೊತ್ತು, ಎರಡೂ ಕಡೆಯಿಂದ ಹೊರಟ ನಿರಾಶ್ರಿತರ ಸಾಲುಗಳಿಗೆ ರಕ್ಷಣೆ ಒದಗಿಸುವ ಕೆಲಸದಲ್ಲಿ ತೊಡಗಿದರು. ಕೆಂಪು ಹದ್ದಿನ ಲಾಂಛನದ ಈ ಡಿವಿಷನ್ ಉತ್ತರ ಆಫ್ರಿಕಾದ ಮರುಭೂಮಿಯಲ್ಲಿ ರೊಮ್ಮೆಲ್‌ನ ಆಫ್ರಿಕಾ ಕೋರ್ ಮತ್ತು ಅದರ 15 ಹಾಗೂ 21ನೆಯ ಪ್ಯಾಂಜರ್ ಡಿವಿಷನ್‌ಗಳ ಎದುರು ಕಾದಿ ಬಂದಿದ್ದ ಪಡೆ.

ಕಾಶ್ಮೀರ ಮತ್ತು ಲೇಹ್

1948ರ ಮೇ ತಿಂಗಳಿನಲ್ಲಿ ಜಮ್ಮು ಮತ್ತು ಕಾಶ್ಮೀರದ ಸೈನ್ಯವನ್ನು ಎರಡು ಡಿವಿಷನ್‌ಗಳಾಗಿ ವಿಂಗಡಿಸಲಾಯಿತು. ಶ್ರೀನಗರದ ಕಡೆಯ ಡಿವಿಷನ್ ತಿಮ್ಮಯ್ಯನವರ ಪಾಲಿಗೆ ಬಂದಿತು. ಅವರ ಮೇಲಧಿಕಾರಿ, ಪಶ್ಚಿಮ ಕಮಾಂಡಿನ ಮುಖ್ಯಸ್ಥ, ಅವರದೇ ಒಕ್ಕದ ಕಾರಿಯಪ್ಪ. ಶಿಸ್ತು ಹಾಗೂ ನಿಯಮಗಳಿಗೆ ಕಾರಿಯಪ್ಪ, ಸೈನಿಕರೊಡನೆ ಬೆರೆತು ನಗಿಸುವ ಸರಳತೆಗೆ ತಿಮ್ಮಯ್ಯ ಹೆಸರಾದವರು. ಸ್ವಭಾವದಲ್ಲಿ ಉತ್ತರ ದಕ್ಷಿಣವಾದರೂ ಇಬ್ಬರ ಜೋಡಿ ಆ ವರ್ಷ ಫಲ ಕೊಟ್ಟಿತು.

ಆಗ ಲಡಾಖ್ ಕೈತಪ್ಪುವ ಸ್ಥಿತಿಯಲ್ಲಿತ್ತು. ಗಿಲ್ಗಿಟ್ ಕಡೆಯಿಂದ ಬಂದ ಪಡೆಗಳು ಕಾರ್ಗಿಲ್ ಮತ್ತು ದ್ರಾಸ್‌ಗಳನ್ನು ಹಿಡಿದು, ಸ್ಕರ್ದು ಕೋಟೆಯನ್ನು ಮುತ್ತಿ, ಲೇಹ್ ಪಟ್ಟಣದತ್ತ ಸಾಗುತ್ತಿದ್ದವು. ಲೇಹ್‌ನಲ್ಲಿದ್ದದ್ದು ಒಂದು ಚಿಕ್ಕ ತುಕಡಿ. ಸ್ಥಳೀಯ ಎಂಜಿನಿಯರ್ ಸೋನಂ ನೊರ್ಬು ಊರಿನ ಜನರ ನೆರವಿನಿಂದ ಸಿಂಧೂ ನದಿಯ ಸಮೀಪದ ಮರಳುನೆಲದಲ್ಲಿ ವಿಮಾನ ಇಳಿಯಬಹುದಾದ ಒಂದು ಪಟ್ಟಿಯನ್ನು ಸಿದ್ಧಪಡಿಸಿದ್ದರು. ಮೇ 24ರಂದು ಏರ್ ಕಮೊಡೋರ್ ಮೆಹರ್ ಸಿಂಗ್ ಡಕೋಟಾ ವಿಮಾನವನ್ನು ಹಿಮಾಲಯದ ಶಿಖರಗಳ ಮೇಲಿಂದ ಹಾರಿಸಿ ಅಲ್ಲಿ ಇಳಿಸಿದರು. ಅಂತಹ ಎತ್ತರದ ಹಾರಾಟಕ್ಕಾಗಿ ಆ ವಿಮಾನವನ್ನು ರೂಪಿಸಿರಲಿಲ್ಲ. ದಾರಿ ತೋರಿಸುವ ಸರಿಯಾದ ನಕ್ಷೆಯೂ ಇರಲಿಲ್ಲ. ಪ್ರಯಾಣಿಕರಾಗಿ ಒಳಗೆ ಕುಳಿತಿದ್ದವರು ಡಿವಿಷನ್ನಿನ ಮುಖ್ಯಸ್ಥ ತಿಮ್ಮಯ್ಯ. ಇದಾದ ಮೇಲೆ ಸೈನಿಕರನ್ನು ವಿಮಾನಗಳಲ್ಲಿ ತಂದಿಳಿಸಲು ಸಾಧ್ಯವಾಗಿ ಲೇಹ್ ಉಳಿಯಿತು. ಸ್ಕರ್ದು ಮಾತ್ರ ಆರು ತಿಂಗಳ ಮುತ್ತಿಗೆಯನ್ನು ತಡೆದು ಆಗಸ್ಟಿನಲ್ಲಿ ಬಿದ್ದುಹೋಯಿತು.

ಜೋಜಿ ಲಾ ಕದನ

ಶ್ರೀನಗರದಿಂದ ಲೇಹ್‌ಗೆ ಹೋಗುವ ನೆಲದ ದಾರಿ ಸೋನಾಮಾರ್ಗ್ ಮತ್ತು ಬಾಲ್ತಾಲ್ ದಾಟಿ ಜೋಜಿ ಲಾ ಎಂಬ ಇಕ್ಕಟ್ಟಾದ ಕಣಿವೆದಾರಿಯನ್ನು ಏರುತ್ತದೆ. ಲಾ ಎಂದರೆ ಅಲ್ಲಿನ ಭಾಷೆಯಲ್ಲಿ ಕಣಿವೆದಾರಿ. ಎರಡು ಮಗ್ಗುಲಲ್ಲಿಯೂ ಕಡಿದಾದ ಬೆಟ್ಟಗಳು. ಆಚೆ ಗುಮ್ರಿ ಎಂಬ ಬಯಲು. ಬೆಟ್ಟಗಳ ಗುಹೆಗಳಲ್ಲಿ ಮತ್ತು ಕಲ್ಲಿನ ಅಡಗುತಾಣಗಳಲ್ಲಿ ಎದುರಾಳಿಗಳು ಮಷಿನ್‌ಗನ್ನುಗಳನ್ನೂ ಬೆಟ್ಟಯುದ್ಧದ ಫಿರಂಗಿಯನ್ನೂ ಹೂಡಿಕೊಂಡು ಕುಳಿತಿದ್ದರು. ಸೆಪ್ಟೆಂಬರಿನಲ್ಲಿ ಬ್ರಿಗೇಡಿಯರ್ ಕೆ. ಎಲ್. ಅಟಲ್ ಅವರ 77ನೆಯ ಪ್ಯಾರಾ ಬ್ರಿಗೇಡ್ ಕಾಲಾಳುಗಳಿಂದಲೇ ಈ ದಾರಿಯನ್ನು ಬಿಡಿಸಲು ಯತ್ನಿಸಿ ಹಿಮ್ಮೆಟ್ಟಿತು. ಮರುಪ್ರಯತ್ನವೂ ಕೈಗೂಡಲಿಲ್ಲ. ವೈಮಾನಿಕ ದಾಳಿ ಮತ್ತು ಫಿರಂಗಿಗಳ ಗುಂಡು ಗುಹೆಗಳ ಬಾಯಿಗೆ ಸರಿಯಾಗಿ ಬೀಳುತ್ತಿರಲಿಲ್ಲ.

ಕಾಲ ಮೀರುತ್ತಿತ್ತು. ಚಳಿಗಾಲದ ಹಿಮ ಒಮ್ಮೆ ಬಿದ್ದರೆ ಜೋಜಿ ಲಾ ಆಗ ವಸಂತದವರೆಗೂ ಮುಚ್ಚಿರುತ್ತಿತ್ತು. ಅಷ್ಟರೊಳಗೆ ದಾರಿ ತೆರೆಯದಿದ್ದರೆ ಲೇಹ್‌ನ ಸೈನಿಕರೂ ಜನರೂ ವಿಮಾನವೊಂದನ್ನೇ ನೆಚ್ಚಿ ಚಳಿಗಾಲ ಕಳೆಯಬೇಕಾಗಿತ್ತು. ಗುಹೆಯ ಬಾಯಿಗೆ ನೇರವಾಗಿ ಗುರಿಯಿಟ್ಟು ಹೊಡೆಯಬಲ್ಲ, ಮಷಿನ್‌ಗನ್ನಿನ ಗುಂಡಿಗೆ ಜಗ್ಗದ ಆಯುಧ ಬೇಕಾಗಿತ್ತು. ಅದು ಟ್ಯಾಂಕ್ ಮಾತ್ರ. ಬಾಲ್ತಾಲ್‌ನಿಂದ ಮೇಲಕ್ಕೆ ಇದ್ದದ್ದು ಹೇಸರಗತ್ತೆಗಳು ನಡೆಯುವ ಕಾಲುದಾರಿ. ತಿಮ್ಮಯ್ಯನವರು ಟ್ಯಾಂಕುಗಳನ್ನು ತರಿಸಲು ನಿರ್ಧರಿಸಿದರು. ಕಾರಿಯಪ್ಪ ಒಪ್ಪಿಗೆ ನೀಡಿ ಬೆಂಬಲಕ್ಕೆ ನಿಂತರು. ಕಾರ್ಯಾಚರಣೆಗೆ ಬೈಸನ್ ಎಂದು ಹೆಸರಿಡಲಾಯಿತು.

ಆರಿಸಿದ್ದು ಲೆಫ್ಟಿನೆಂಟ್ ಕರ್ನಲ್ ರಾಜಿಂದರ್ ಸಿಂಗ್ ನಾಯಕತ್ವದ 7ನೆಯ ಲೈಟ್ ಕ್ಯಾವಲ್ರಿಯನ್ನು. ಈ ದಳ 1944ರಲ್ಲಿ ಇಂಫಾಲ ಸುತ್ತಲಿನ ಬೆಟ್ಟಗಳಲ್ಲಿ ಸ್ಟುವರ್ಟ್ ಟ್ಯಾಂಕುಗಳೊಡನೆ ಕಾದಿದ ಅನುಭವವಿದ್ದದ್ದು. ಅಮೆರಿಕದಲ್ಲಿ ತಯಾರಾದ ಸ್ಟುವರ್ಟ್ ಸುಮಾರು 15 ಟನ್ ತೂಕದ, 37 ಮಿಲಿಮೀಟರ್ ತೋಪಿನ ಹಗುರ ಟ್ಯಾಂಕ್. ಯೂರೋಪಿನ ಬಯಲಿನಲ್ಲಿ ಜರ್ಮನಿಯ ಪ್ಯಾಂಥರ್ ಅಥವಾ ಟೈಗರ್ ಟ್ಯಾಂಕಿನ ಎದುರು ಅದು ಲೆಕ್ಕಕ್ಕೇ ಬರುತ್ತಿರಲಿಲ್ಲ. ಜೋಜಿ ಲಾದಲ್ಲಿ ಹಗುರವಾಗಿದ್ದದ್ದೇ ಅದರ ಗುಣವಾಯಿತು. ಹೆಚ್ಚು ಭಾರದ ಟ್ಯಾಂಕ್ ದಾರಿಯ ಸೇತುವೆಗಳನ್ನೇ ದಾಟುತ್ತಿರಲಿಲ್ಲ.

ಟ್ಯಾಂಕುಗಳು ಜಮ್ಮು ಪ್ರಾಂತ್ಯದಿಂದ ಬರಬೇಕಾಗಿತ್ತು. ಭಾರ ತಗ್ಗಿಸಲೆಂದೂ ನೋಡಿದವರಿಗೆ ಗುರುತು ಸಿಗದಿರಲೆಂದೂ ಅವುಗಳ ಮೇಲಿನ ತಿರುಗುಗೋಪುರಗಳನ್ನು ಕಳಚಿ ಬೇರೆಯಾಗಿ ಸಾಗಿಸಲಾಯಿತು. ದುರ್ಬಲ ಸೇತುವೆಗಳನ್ನು ಬಲಪಡಿಸಲಾಯಿತು. ಶ್ರೀನಗರದಲ್ಲಿ ಕರ್ಫ್ಯೂ ವಿಧಿಸಿ ರಾತ್ರಿಯ ವೇಳೆ ನಗರ ದಾಟಿಸಲಾಯಿತು. ಬಾಲ್ತಾಲ್‌ನಲ್ಲಿ ಗೋಪುರಗಳನ್ನು ಪುನಃ ಜೋಡಿಸಿ ಟ್ಯಾಂಕುಗಳನ್ನು ಮರೆಯಲ್ಲಿ ಇರಿಸಲಾಯಿತು. ಎದುರಾಳಿಗೆ ಸುಳಿವು ಸಿಕ್ಕಿದ್ದರೆ ಟ್ಯಾಂಕ್ ಒಡೆಯುವ ಆಯುಧಗಳನ್ನು ತರಿಸಿಕೊಳ್ಳಲು, ಕಿರಿದಾದ ದಾರಿಯಲ್ಲಿ ನೆಲಬಾಂಬು ಹೂಳಲು ಅವನಿಗೆ ಬೇಕಾದಷ್ಟು ಸಮಯವಿತ್ತು.

ಉಳಿದದ್ದು ದಾರಿ. ಕಾಲುದಾರಿಯನ್ನು ಟ್ಯಾಂಕ್ ಹತ್ತುವಷ್ಟು ಅಗಲಗೊಳಿಸಿದವರು ಮದ್ರಾಸ್ ಸ್ಯಾಪರ್ಸ್ ಎಂಜಿನಿಯರುಗಳು. ಬೆಂಗಳೂರಿನ ಹಲಸೂರು ಕೆರೆಯ ಬಳಿ ಕೇಂದ್ರ ಹೊಂದಿರುವ ಈ ದಳದವರು, ಎದುರಾಳಿಯ ಗುಂಡಿನ ಭಯದ ನಡುವೆ, ಉಸಿರು ಸಾಲದ ಎತ್ತರದಲ್ಲಿ ಬಂಡೆ ಸಿಡಿಸಿ, ಕಲ್ಲು ಹಾಸಿ, ಅಕ್ಟೋಬರ್ ತಿಂಗಳ ನಡುವೆಯೇ ಕೆಲಸ ಪೂರೈಸಿದರು. ಜೋಜಿ ಲಾ ವಿಜಯದ ವರ್ಣನೆಗಳಲ್ಲಿ ಟ್ಯಾಂಕಿಗೆ ಸಿಕ್ಕಷ್ಟು ಸ್ಥಾನ ಈ ಗುದ್ದಲಿ ಹಾರೆಗಳಿಗೆ ಸಿಕ್ಕಿಲ್ಲ. ಜರ್ಮನ್ ಪ್ಯಾಂಜರ್ ಡಿವಿಷನ್ನಿನಲ್ಲಿ ಎಂಜಿನಿಯರುಗಳು ಟ್ಯಾಂಕುಗಳ ಜೊತೆಯಲ್ಲಿಯೇ ಇರುತ್ತಿದ್ದುದಕ್ಕೂ ಇದೇ ಕಾರಣ: ಮ್ಯೂಸ್ ನದಿಗೆ ತೇಲುಸೇತುವೆ ಕಟ್ಟದೆ ಗುಡೇರಿಯನ್‌ನ ಟ್ಯಾಂಕುಗಳು ಮುಂದೆ ಹೋಗುವಂತಿರಲಿಲ್ಲ.

ಅಕ್ಟೋಬರಿನಲ್ಲಿಯೇ ನಡೆಯಬೇಕಿದ್ದ ದಾಳಿಯನ್ನು ಹಿಮಪಾತ ಮುಂದೂಡಿತು. ನವೆಂಬರ್ 1ರ ಮಧ್ಯಾಹ್ನ ಟ್ಯಾಂಕುಗಳು ಕಣಿವೆದಾರಿಯನ್ನು ಏರಿದವು. ತಿಮ್ಮಯ್ಯನವರು ಮುಂಚೂಣಿಯ ಟ್ಯಾಂಕಿನಲ್ಲಿಯೇ ಇದ್ದರು. ಡಿವಿಷನ್ನಿನ ಮುಖ್ಯಸ್ಥನೊಬ್ಬ ಅಲ್ಲಿ ಇರಬೇಕಾದುದಿಲ್ಲ ಎಂಬುದು ಯುದ್ಧಶಾಸ್ತ್ರದ ಸಾಮಾನ್ಯ ಅಭಿಪ್ರಾಯ. ಆದರೆ ಎರಡು ಬಾರಿ ಹಿಮ್ಮೆಟ್ಟಿದ್ದ ಕಾಲಾಳುಗಳಿಗೆ ಅದರಿಂದ ಬಂದ ಧೈರ್ಯವನ್ನೂ ಗಣಿಸಬೇಕಾಗುತ್ತದೆ. ಹಿಮದ ನಡುವೆ ಟ್ಯಾಂಕ್ ಕಂಡು ಎದುರಾಳಿಗಳು ದಿಗ್ಭ್ರಮೆಗೊಂಡರು. ಅವರ ಬಳಿ ಅದನ್ನು ತಡೆಯುವ ಆಯುಧವಿರಲಿಲ್ಲ. ಸ್ಟುವರ್ಟ್ ಟ್ಯಾಂಕುಗಳು ಒಂದೊಂದಾಗಿ ಗುಹೆಗಳ ಬಾಯಿಗೆ ಗುಂಡು ಹೊಡೆದವು. ಹಿಂದಿನಿಂದ ಬಂದ ಪಟಿಯಾಲ, ಗೂರ್ಖಾ ಮತ್ತು ರಜಪೂತ ಕಾಲಾಳು ಬೆಟಾಲಿಯನ್‌ಗಳು ನೆಲೆಗಳನ್ನು ವಶಪಡಿಸಿಕೊಂಡವು. ಸಂಜೆಯ ಹೊತ್ತಿಗೆ ಗುಮ್ರಿ ಬಯಲು ಭಾರತೀಯರ ಕೈಸೇರಿತ್ತು.

ಮುಂದಿನ ಮೂರು ವಾರಗಳಲ್ಲಿ ಮತಾಯನ್, ದ್ರಾಸ್, ಕಾರ್ಗಿಲ್ ಕ್ರಮವಾಗಿ ಮರಳಿ ದೊರೆತವು. ನವೆಂಬರ್ 24ರ ಹೊತ್ತಿಗೆ ಲೇಹ್ ಕಡೆಯಿಂದ ಹೊರಟ ಪಡೆ ಕಾರ್ಗಿಲ್‌ನಲ್ಲಿ ಇವರನ್ನು ಕೂಡಿಕೊಂಡಿತು. ಸೈನಿಕರಿಗೆ ಆ ಚಳಿಗೆ ತಕ್ಕ ಉಡುಪು ಸಾಕಷ್ಟಿರಲಿಲ್ಲ. ಶೀತದಿಂದ ಕೈಕಾಲುಗಳ ಬೆರಳುಗಳನ್ನು ಕಳೆದುಕೊಂಡವರು ಅನೇಕರು. 1949ರ ಜನವರಿ 1ರಂದು ಕದನವಿರಾಮ ಜಾರಿಗೆ ಬಂದಾಗ ಶ್ರೀನಗರ–ಲೇಹ್ ದಾರಿ ಭಾರತದ ವಶದಲ್ಲಿತ್ತು. ರಾಜಿಂದರ್ ಸಿಂಗ್ ಅವರಿಗೆ ಮಹಾವೀರ ಚಕ್ರ ದೊರೆಯಿತು. 1965ರಲ್ಲಿ 1ನೆಯ ಆರ್ಮರ್ಡ್ ಡಿವಿಷನ್ನಿನ ಮುಖ್ಯಸ್ಥರಾಗಿದ್ದಾಗ ಅದೇ ಪದಕವನ್ನು ಎರಡನೆಯ ಬಾರಿ ಪಡೆದರು. ತಿಮ್ಮಯ್ಯನವರ ತಮ್ಮ ಮೇಜರ್ ಸೋಮಯ್ಯ ಇದೇ ಕಾಶ್ಮೀರ ಕಾರ್ಯಾಚರಣೆಯ ಕಾಲದಲ್ಲಿ ನೆಲಬಾಂಬಿನ ಅವಘಡದಲ್ಲಿ ಮೃತರಾದರು.

ಕೊರಿಯಾ

ಕೊರಿಯಾದಲ್ಲಿ 1953ರ ಜುಲೈನಲ್ಲಿ ಕದನವಿರಾಮವಾದ ಮೇಲೆ ಸ್ವದೇಶಕ್ಕೆ ಮರಳಲೊಪ್ಪದ ಸುಮಾರು 23,000 ಯುದ್ಧಕೈದಿಗಳ ಪ್ರಶ್ನೆ ಉಳಿಯಿತು. ಅವರಲ್ಲಿ ಬಹುಪಾಲು ಚೀನೀಯರು ಮತ್ತು ಉತ್ತರ ಕೊರಿಯನ್ನರು. ಭಾರತ, ಸ್ವೀಡನ್, ಸ್ವಿಟ್ಜರ್ಲೆಂಡ್, ಪೋಲೆಂಡ್ ಮತ್ತು ಜೆಕೊಸ್ಲೊವಾಕಿಯ ಸೇರಿದ ತಟಸ್ಥ ರಾಷ್ಟ್ರಗಳ ಆಯೋಗಕ್ಕೆ ತಿಮ್ಮಯ್ಯ ಅಧ್ಯಕ್ಷರಾದರು. ಕೈದಿಗಳನ್ನು ಕಾಯುವ ಭಾರತೀಯ ಪಡೆಯ ಮುಖ್ಯಸ್ಥರು ಕಾಂಗಾವ್‌ನ ಸಂಗಾತಿ ಥೋರಟ್. ಒಂದು ಪಕ್ಷ ಬಲವಂತವಾಗಿ ಕಳುಹಿಸಲೊಲ್ಲದು, ಇನ್ನೊಂದು ಪಕ್ಷ ಬಿಡಲೊಲ್ಲದು. ಶಿಬಿರಗಳೊಳಗೆ ಗಲಭೆಗಳು ಬೇರೆ. 1954ರ ಜನವರಿಯಲ್ಲಿ ಅವಧಿ ಮುಗಿದಾಗ ಉಳಿದ ಕೈದಿಗಳನ್ನು ಅವರನ್ನು ಸೆರೆಹಿಡಿದಿದ್ದ ಪಕ್ಷಗಳಿಗೇ ಒಪ್ಪಿಸಲಾಯಿತು. ಎರಡೂ ಕಡೆಗೆ ಹೋಗಲೊಪ್ಪದ 88 ಮಂದಿ ಭಾರತೀಯ ಸೈನಿಕರ ಜೊತೆಯಲ್ಲಿ ಭಾರತಕ್ಕೆ ಬಂದರು. 1954ರಲ್ಲಿ ತಿಮ್ಮಯ್ಯನವರಿಗೆ ಪದ್ಮಭೂಷಣ ಪ್ರಶಸ್ತಿ ನೀಡಲಾಯಿತು. ಕೊರಿಯಾ ಕುರಿತು ಅವರು ಬರೆದ ಪುಸ್ತಕ ಅವರ ಮರಣದ ಬಹಳ ವರ್ಷಗಳ ಅನಂತರ, 1981ರಲ್ಲಿ ಪ್ರಕಟವಾಯಿತು.

ಭೂಸೇನೆಯ ಮುಖ್ಯಸ್ಥ ಮತ್ತು 1959ರ ರಾಜೀನಾಮೆ

1957ರ ಮೇ ತಿಂಗಳಿನಲ್ಲಿ ಇಬ್ಬರು ಹಿರಿಯ ಅಧಿಕಾರಿಗಳನ್ನು ದಾಟಿ ತಿಮ್ಮಯ್ಯನವರನ್ನು ಭೂಸೇನೆಯ ಮುಖ್ಯಸ್ಥರನ್ನಾಗಿ ನೇಮಿಸಲಾಯಿತು. ಅದೇ ವರ್ಷ ವಿ. ಕೆ. ಕೃಷ್ಣ ಮೆನನ್ ರಕ್ಷಣಾ ಸಚಿವರಾದರು. ಬಡ್ತಿಗಳ ವಿಷಯದಲ್ಲಿ, ವಿಶೇಷವಾಗಿ ಬಿ. ಎಂ. ಕೌಲ್ ಅವರ ಬಡ್ತಿಯಲ್ಲಿ, ಇಬ್ಬರ ನಡುವೆ ಬಿರುಕು ಬೆಳೆಯಿತು. ಉತ್ತರದ ಗಡಿಯಲ್ಲಿ ಚೀನಾದ ಚಟುವಟಿಕೆ ಹೆಚ್ಚುತ್ತಿದ್ದ ಸಮಯವದು. 1959ರ ಆಗಸ್ಟ್ 25ರಂದು ಲೊಂಗ್ಜು ಎಂಬಲ್ಲಿ ಗುಂಡಿನ ಚಕಮಕಿ ನಡೆಯಿತು. ಆಗಸ್ಟ್ 31ರಂದು ತಿಮ್ಮಯ್ಯನವರು ಪ್ರಧಾನಿ ಜವಾಹರಲಾಲ್ ನೆಹರೂ ಅವರಿಗೆ ರಾಜೀನಾಮೆ ಸಲ್ಲಿಸಿದರು. ನೆಹರೂ ಮನವೊಲಿಸಿದ್ದರಿಂದ ಅದನ್ನು ಹಿಂತೆಗೆದುಕೊಂಡರು. ಎರಡು ದಿನಗಳಲ್ಲಿ ಸುದ್ದಿ ಪತ್ರಿಕೆಗಳಲ್ಲಿ ಬಂದು, ನೆಹರೂ ಸಂಸತ್ತಿನಲ್ಲಿ ಹೇಳಿಕೆ ನೀಡುವಾಗ ನಾಗರಿಕ ಆಡಳಿತವೇ ಮೇಲು ಎಂಬ ತತ್ತ್ವವನ್ನು ಒತ್ತಿಹೇಳಿ, ಸೇನಾ ಮುಖ್ಯಸ್ಥರ ನಡೆಯನ್ನು ಟೀಕಿಸಿದರು.

ಈ ಪ್ರಸಂಗದಲ್ಲಿ ತಿಮ್ಮಯ್ಯನವರಿಗೆ ಲಾಭವಾಗಲಿಲ್ಲ. ರಾಜೀನಾಮೆಗೆ ಅಂಟಿಕೊಂಡಿದ್ದರೆ ಸರ್ಕಾರ ಸೈನ್ಯದ ದೂರುಗಳಿಗೆ ಉತ್ತರ ಹೇಳಬೇಕಾಗುತ್ತಿತ್ತು. ಕೊಡದೆಯೇ ಇದ್ದಿದ್ದರೆ ಅವರ ಮಾತಿನ ತೂಕ ಉಳಿಯುತ್ತಿತ್ತು. ಕೊಟ್ಟು ಹಿಂತೆಗೆದುಕೊಂಡದ್ದರಿಂದ ಉಳಿದ ಇಪ್ಪತ್ತು ತಿಂಗಳು ಅವರ ಸಲಹೆಗೆ ದೆಹಲಿಯಲ್ಲಿ ಮೊದಲಿನ ಬೆಲೆ ಇರಲಿಲ್ಲ. ತಮ್ಮ ಅನಂತರ ಥೋರಟ್ ಮುಖ್ಯಸ್ಥರಾಗಬೇಕೆಂದು ಅವರು ಬಯಸಿದ್ದರು. ಸರ್ಕಾರ ಪಿ. ಎನ್. ಥಾಪರ್ ಅವರನ್ನು ಆರಿಸಿತು. 1961ರ ಮೇ ತಿಂಗಳಿನಲ್ಲಿ ತಿಮ್ಮಯ್ಯ ನಿವೃತ್ತರಾದರು. ಹದಿನೇಳು ತಿಂಗಳ ಬಳಿಕ ಚೀನಾದೊಡನೆ ಯುದ್ಧವಾಯಿತು. ಆ ಸೋಲಿನ ತರುವಾಯ ಕೃಷ್ಣ ಮೆನನ್ ಸಚಿವ ಸ್ಥಾನವನ್ನೂ, ಥಾಪರ್ ಮತ್ತು ಕೌಲ್ ತಮ್ಮ ಹುದ್ದೆಗಳನ್ನೂ ಬಿಡಬೇಕಾಯಿತು.

ಸೈಪ್ರಸ್ ಮತ್ತು ನಿಧನ

1964ರ ಜುಲೈನಲ್ಲಿ ತಿಮ್ಮಯ್ಯನವರು ಸೈಪ್ರಸ್‌ನಲ್ಲಿನ ವಿಶ್ವಸಂಸ್ಥೆಯ ಶಾಂತಿಪಾಲನಾ ಪಡೆಯ ದಂಡನಾಯಕರಾದರು. ಅವರಿಗೆ ಮೊದಲು ಆ ಸ್ಥಾನದಲ್ಲಿದ್ದವರೂ ಭಾರತೀಯರೇ ಆದ ಪಿ. ಎಸ್. ಗ್ಯಾನಿ. ಗ್ರೀಕ್ ಮತ್ತು ತುರ್ಕಿ ಮೂಲದ ದ್ವೀಪವಾಸಿಗಳ ನಡುವಿನ ಹಿಂಸೆಯನ್ನು ತಡೆಯುವ ಆ ಕೆಲಸದಲ್ಲಿದ್ದಾಗಲೇ 1965ರ ಡಿಸೆಂಬರ್ 18ರಂದು ಹೃದಯಾಘಾತದಿಂದ ಸೈಪ್ರಸ್‌ನಲ್ಲಿ ನಿಧನರಾದರು. ಆಗ ಅವರಿಗೆ 59 ವರ್ಷ. ಪಾರ್ಥಿವ ಶರೀರವನ್ನು ಬೆಂಗಳೂರಿಗೆ ತಂದು ಸಮಾಧಿ ಮಾಡಲಾಯಿತು.

ಸ್ಮಾರಕಗಳು

ಸೈಪ್ರಸ್ ಸರ್ಕಾರ 1966ರಲ್ಲಿ ಅವರ ನೆನಪಿಗಾಗಿ ಅಂಚೆಚೀಟಿ ಹೊರತಂದಿತು. ಲಾರ್ನಾಕಾ ನಗರದ ಒಂದು ರಸ್ತೆಗೂ ಅವರ ಹೆಸರಿದೆ. ಮಡಿಕೇರಿಯಲ್ಲಿ ಅವರ ಪ್ರತಿಮೆ ಮತ್ತು ಅವರ ಹೆಸರಿನ ವೃತ್ತವಿವೆ. ತಿಮ್ಮಯ್ಯನವರ ಬಾಲ್ಯದ ಮನೆಯಾದ ಮಡಿಕೇರಿಯ ಸನ್ನಿಸೈಡ್‌ನಲ್ಲಿ ಬಹುಕಾಲ ಪ್ರಾದೇಶಿಕ ಸಾರಿಗೆ ಕಚೇರಿ ನಡೆಯುತ್ತಿತ್ತು. ಅದನ್ನು ದುರಸ್ತಿಗೊಳಿಸಿ ವಸ್ತುಸಂಗ್ರಹಾಲಯವಾಗಿ ಮಾರ್ಪಡಿಸಲಾಗಿದ್ದು, 2021ರ ಫೆಬ್ರವರಿ 6ರಂದು ಅಂದಿನ ರಾಷ್ಟ್ರಪತಿ ರಾಮನಾಥ ಕೋವಿಂದ್ ಉದ್ಘಾಟಿಸಿದರು. ಅದರ ಅಂಗಳದಲ್ಲಿ ಸೈನ್ಯ ನೀಡಿದ ಯುದ್ಧಟ್ಯಾಂಕೊಂದನ್ನು ನಿಲ್ಲಿಸಲಾಗಿದೆ.